ಫ್ಲಮೆಂಕೊ ಮೂಲತಃ ನಮ್ಮ ಕಥಕ್ ಅಲ್ವಾ?

ಪ್ರಶ್ನೆ: ಸ್ಪೇನ್‌ನ ನರ್ತಕ ಫರ್ರುಕಿತೊ ಅವರ ಫ್ಲಮೆಂಕೊ ನೃತ್ಯದ ವಿಡಿಯೊ ನೋಡಿದೆ. ಅಜ್ಜನ ಕಾಲದಿಂದ ಬಂದ ಕಲೆಯಂತೆ. ಕಾಲಿನ ಕೆಲಸ ನೋಡಿದರೆ ಇದು ಮೂಲತಃ ನಮ್ಮ ಕಥಕ್ ಅಲ್ವಾ?

ಉತ್ತರ: ಅಲ್ಲ. ಫ್ಲಮೆಂಕೊ ಬಗ್ಗೆ ಏನೇ ಬರೆದರೂ ಈ ಪ್ರಶ್ನೆ ಬಂದೇ ಬರುತ್ತದೆ. ಈ ಸಲ ಸ್ವಲ್ಪ ಬಿಡಿಸಿಯೇ ಹೇಳುತ್ತೇನೆ.

ಅಜ್ಜನ ಮಾತು ನಿಜ. ಫರ್ರುಕಿತೊ ಹುಟ್ಟಿದ್ದು 1982ರಲ್ಲಿ, ಸೆವಿಲ್‌ನಲ್ಲಿ. ತಂದೆ ಎಲ್ ಮೊರೆನೊ ಗಾಯಕ, ತಾಯಿ ಲಾ ಫರ್ರುಕಾ ನರ್ತಕಿ. ತಾಯಿಯ ತಂದೆ ಎಲ್ ಫರ್ರುಕೊ ಅಂತೂ ಫ್ಲಮೆಂಕೊದಲ್ಲಿ ಬಹಳ ದೊಡ್ಡ ಹೆಸರು. ಅವರ ಮಗನೂ ಫರ್ರುಕಿತೊ ಎಂಬ ಹೆಸರಿನಲ್ಲೇ ಕುಣಿಯುತ್ತಿದ್ದ, ಚಿಕ್ಕ ವಯಸ್ಸಿನಲ್ಲೇ ಅಪಘಾತದಲ್ಲಿ ತೀರಿಕೊಂಡ. ಆ ಸೋದರಮಾವನ ಹೆಸರು ಈಗ ಮೊಮ್ಮಗನದು.

ಕಥಕ್ ವಿಷಯಕ್ಕೆ ಬರೋಣ. ಈ ಮನೆತನ ಹಿತಾನೊ, ಅಂದರೆ ಸ್ಪೇನ್‌ನ ರೋಮಾ (ಜಿಪ್ಸಿ) ಸಮುದಾಯದ್ದು. ಅವರ ಪೂರ್ವಿಕರು ವಾಯವ್ಯ ಭಾರತದ ಕಡೆಯಿಂದ ಹೊರಟವರು ಎನ್ನುವುದು ಸರಿಯೇ. ಆದರೆ ಹೊರಟದ್ದು ಯಾವಾಗ? ಸುಮಾರು ಸಾವಿರ ವರ್ಷದ ಹಿಂದೆ. ಅವರು ಸ್ಪೇನ್ ಮುಟ್ಟಿದ ಮೊದಲ ದಾಖಲೆ 1425ರದು. ಇವತ್ತು ನಾವು ನೋಡುವ ಕಥಕ್ ಲಖನೌ, ಜೈಪುರದ ಆಸ್ಥಾನಗಳಲ್ಲಿ ರೂಪ ಪಡೆದದ್ದು 18, 19ನೇ ಶತಮಾನದಲ್ಲಿ. ಆಗಿನ್ನೂ ಇಲ್ಲದ ನೃತ್ಯವನ್ನು ಅವರು ಗಂಟು ಕಟ್ಟಿಕೊಂಡು ಹೋಗುವುದು ಹೇಗೆ?

ಫ್ಲಮೆಂಕೊ ಕೂಡ ಹೆಚ್ಚುಕಡಿಮೆ ಅದೇ ಕಾಲದ್ದು. ಅದು ದಕ್ಷಿಣ ಸ್ಪೇನ್‌ನ ಆಂಡಲೂಸಿಯಾದ ಕಾದಿಸ್, ಹೆರೆಸ್, ಸೆವಿಲ್‌ನ ತ್ರಿಯಾನಾ ಕೇರಿಗಳಲ್ಲಿ ಮೂಡಿದ ಕಲೆ. ಆ ನೆಲದ ಜನಪದ ಹಾಡು, ಹಿತಾನೊಗಳ ಗಾಯನ, ಕ್ಯೂಬಾ ಕಡೆಯಿಂದ ಹಡಗಿನಲ್ಲಿ ಬಂದ ಆಫ್ರಿಕನ್ ಲಯ ಎಲ್ಲವೂ ಅದರಲ್ಲಿ ಸೇರಿವೆ.

ಇನ್ನು ಕಾಲಿನ ಕೆಲಸ. ಕಥಕ್‌ನಲ್ಲಿ ಬರಿಗಾಲು, ಗೆಜ್ಜೆ. ಫ್ಲಮೆಂಕೊದಲ್ಲಿ ಬೂಟಿನ ತುದಿಗೂ ಹಿಮ್ಮಡಿಗೂ ಮೊಳೆ ಬಡಿದಿರುತ್ತಾರೆ, ಮರದ ನೆಲವೇ ವಾದ್ಯ. ಎಣಿಕೆಯೂ ಬೇರೆ. ಸೊಲೆಆ ಎಂಬ ಬಗೆಯಲ್ಲಿ 12 ಎಣಿಕೆ, ಒತ್ತು ಬೀಳುವುದು 3, 6, 8, 10, 12ರ ಮೇಲೆ. ಚಪ್ಪಾಳೆ ಹಾಕಿ ನೋಡಿ, ಮೂರು ಮೂರಾಗಿ ಹೊರಟ ನಡೆ ನಡುವೆ ಎರಡೆರಡಕ್ಕೆ ತಿರುಗುತ್ತದೆ. ಕಥಕ್‌ನವರು ತಿಹಾಯಿ ಹಾಕಿ (ಒಂದೇ ಲಯದ ತುಣುಕನ್ನು ಮೂರು ಸಲ ಹೇಳಿ) ಸಮ್‌ಗೆ, ಅಂದರೆ ಮೊದಲ ಮಾತ್ರೆಗೆ ಬಂದು ನಿಲ್ಲುತ್ತಾರೆ. ಸೊಲೆಆದಲ್ಲಿ ಮುಕ್ತಾಯ ಸಾಮಾನ್ಯವಾಗಿ ಹತ್ತರ ಮೇಲೆ. ಇಷ್ಟು ಬೇರೆಯಾದ ಲೆಕ್ಕವನ್ನು ಸುಮ್ನೆ ಒಂದೇ ಅನ್ನಬೇಡಿ.

1749ರಲ್ಲಿ ಸ್ಪೇನ್ ಸರ್ಕಾರ ಸಾವಿರಾರು ಹಿತಾನೊಗಳನ್ನು ಒಮ್ಮೆಗೇ ಹಿಡಿದು, ಗಂಡಸರು ಹೆಂಗಸರನ್ನು ಬೇರೆ ಮಾಡಿ ಕೂಡಿಹಾಕಿತ್ತು. ಅಷ್ಟೆಲ್ಲ ಅನುಭವಿಸಿದವರು ಅಲ್ಲೇ ನಿಂತು ಬೆಳೆಸಿದ ಕಲೆಯನ್ನು ನಾವು ಇಲ್ಲಿ ಕೂತು ನಮ್ಮದು ಅಂದರೆ ನನಗೆ ನಿಜಕ್ಕೂ ಬೇಜಾರಾಗುತ್ತದೆ.

ಯಾರೂ ಕೇಳಿಲ್ಲ, ಆದರೂ ಹೇಳಿಬಿಡುತ್ತೇನೆ. ಫ್ಲಮೆಂಕೊ ವೇದಿಕೆಯಲ್ಲಿ ಒಬ್ಬರು ಮರದ ಪೆಟ್ಟಿಗೆ ಮೇಲೆ ಕೂತು ಬಾರಿಸುತ್ತಿರುತ್ತಾರಲ್ಲ, ಅದು ಕಹೋನ್. ಪೆರು ದೇಶದ ಆಫ್ರಿಕನ್ ಮೂಲದವರ ವಾದ್ಯ. ಗಿಟಾರ್ ವಾದಕ ಪಾಕೊ ದೆ ಲೂಸಿಯಾ 1970ರ ದಶಕದ ಕೊನೆಗೆ ಅದನ್ನು ಅಲ್ಲಿ ಕಂಡು ಫ್ಲಮೆಂಕೊಗೆ ತಂದರು. ಅಜ್ಜ ಎಲ್ ಫರ್ರುಕೊ ಯೌವನದಲ್ಲಿ ಕುಣಿಯುವಾಗ ಹಿಂದೆ ಹಾಡು, ಗಿಟಾರ್, ಚಪ್ಪಾಳೆ ಇದ್ದವು. ಈ ಪೆಟ್ಟಿಗೆ ಇರಲಿಲ್ಲ.