ಸೀಮಿತ ಪೋಷಕತ್ವ: ಯಾರ ಪರವಾಗಿ, ಎಷ್ಟರ ಮಟ್ಟಿಗೆ

ಶಾಲೆಯ ಪೋಷಕರ ಸಭೆಗೆ ಹೋಗಿಬಂದ ಯಾರನ್ನೇ ಕೇಳಿ, ‘ಪೋಷಕರು’ ಅಂದರೆ ಅಪ್ಪ ಅಮ್ಮ ಎನ್ನುತ್ತಾರೆ. ಕಾನೂನಿನಲ್ಲಿ ಆ ಪದದ ಲೆಕ್ಕವೇ ಬೇರೆ. ಮಗುವಿಗೆ 18 ತುಂಬಿದ ದಿನ ಹೆತ್ತವರ ಪೋಷಕತ್ವ ಮುಗಿಯಿತು. ಮಗನಿಗೆ ಡೌನ್ ಸಿಂಡ್ರೋಮ್ ಇರಲಿ, ಮಗಳಿಗೆ ಆಟಿಸಂ ಇರಲಿ, ಇದಕ್ಕೆ ವಿನಾಯಿತಿ ಇಲ್ಲ. ಅಲ್ಲಿಂದಾಚೆಗೆ ಅವರ ಬದಲು ಸಹಿ ಹಾಕುವ ಅಧಿಕಾರ ಹೆತ್ತ ತಾಯಿಗೂ ತಾನಾಗಿ ಬರುವುದಿಲ್ಲ. ಎಷ್ಟೋ ಮನೆಗಳಿಗೆ ಇದು ಗೊತ್ತಾಗುವುದು ಬ್ಯಾಂಕಿನ ಕೌಂಟರಿನ ಮುಂದೆ, ಇಲ್ಲವೇ ಪೌತಿ ಖಾತೆಗಾಗಿ ಓಡಾಡುವಾಗ.

ನಮಗೆ ಗೊತ್ತಾದದ್ದೂ ಹಾಗೆಯೇ. ಅಪ್ಪ ನನ್ನ ತಮ್ಮನ ಹೆಸರಿನಲ್ಲಿ ಒಂದು ಠೇವಣಿ ಇಟ್ಟಿದ್ದರು. ಅವರು ತೀರಿಕೊಂಡ ಮೇಲೆ ಅದರ ಅವಧಿ ಮುಗಿಯಿತು. ತಮ್ಮನಿಗೆ ಆಗ 26. ತನ್ನ ಹೆಸರನ್ನು ಕನ್ನಡದಲ್ಲಿ ಬರೆಯುತ್ತಾನೆ, ನಿಧಾನವಾಗಿ, ಒತ್ತಕ್ಷರವನ್ನು ಒಮ್ಮೊಮ್ಮೆ ಪಕ್ಕಕ್ಕೆ ಬರೆದುಬಿಡುತ್ತಾನೆ. ಬ್ಯಾಂಕಿನವರು ಆ ಸಹಿಯನ್ನು ಒಪ್ಪಲಿಲ್ಲ. “ಇವ್ರಿಗೆ ಬುದ್ಧಿ ಸರಿ ಇಲ್ಲ ಅಂತ ಡಾಕ್ಟ್ರ ಹತ್ರ ಬರೆಸ್ಕೊಂಡು ಬನ್ನಿ ಮೇಡಂ, ಆಮೇಲೆ ನೋಡೋಣ” ಅಂದರು. ತಮ್ಮ ಪಕ್ಕದಲ್ಲೇ ನಿಂತಿದ್ದ. ಅವನಿಗೆ ಕೇಳಿಸಿತು.

ಆ ಮಾತಿನ ಹಿಂದೆ ಇರುವುದು ಹಳೆಯ ತಿಳಿವಳಿಕೆ. ಒಮ್ಮೆ ‘ಬುದ್ಧಿ ಸರಿ ಇಲ್ಲ’ ಎಂದು ಬರೆಸಿಬಿಟ್ಟರೆ ಮುಗಿಯಿತು, ಮುಂದಿನದೆಲ್ಲ ಬೇರೆಯವರದೇ ತೀರ್ಮಾನ, ಆ ಮನುಷ್ಯನನ್ನು ಕೇಳುವ ಅಗತ್ಯವೇ ಇಲ್ಲ ಎಂಬ ತಿಳಿವಳಿಕೆ. ಇಂಗ್ಲಿಷ್ ಬಲ್ಲವರು ಇದನ್ನು ‘ಪ್ಲೀನರಿ ಗಾರ್ಡಿಯನ್‌ಶಿಪ್’ ಎನ್ನುತ್ತಾರೆ. ಪೂರ್ಣ ಪೋಷಕತ್ವ ಎನ್ನೋಣ.

ಈ ತಿಳಿವಳಿಕೆಗೆ ಎದುರಾಗಿ ನಿಂತ ಪದವೇ ಸೀಮಿತ ಪೋಷಕತ್ವ. ಅಂಗವಿಕಲರ ಹಕ್ಕುಗಳ ಕುರಿತ ವಿಶ್ವಸಂಸ್ಥೆಯ ಒಡಂಬಡಿಕೆಗೆ ಭಾರತ 2007ರಲ್ಲಿ ಒಪ್ಪಿಗೆ ನೀಡಿತು. ಕಾನೂನಿನ ಮುಂದೆ ಎಲ್ಲರಿಗೂ ಸಮಾನ ಸಾಮರ್ಥ್ಯ ಇದೆ ಎನ್ನುತ್ತದೆ ಅದರ 12ನೇ ವಿಧಿ. ಅದಕ್ಕೆ ತಕ್ಕಂತೆ ಬಂದದ್ದು 2016ರ ಅಂಗವಿಕಲ ವ್ಯಕ್ತಿಗಳ ಹಕ್ಕುಗಳ ಕಾಯ್ದೆ. ಆಸ್ತಿ ಹೊಂದುವುದು, ಪಿತ್ರಾರ್ಜಿತದಲ್ಲಿ ಪಾಲು ಪಡೆಯುವುದು, ಹಣಕಾಸನ್ನು ತಾವೇ ನೋಡಿಕೊಳ್ಳುವುದು, ಎಲ್ಲವೂ ಇತರರಷ್ಟೇ ಇವರ ಹಕ್ಕು ಎಂದು 13ನೇ ಕಲಂ ಹೇಳುತ್ತದೆ. 14ನೇ ಕಲಂ ಸೀಮಿತ ಪೋಷಕತ್ವದ್ದು. ಬೇಕಾದ ನೆರವನ್ನೆಲ್ಲ ಕೊಟ್ಟ ಮೇಲೂ ಒಬ್ಬರಿಗೆ ಕಾನೂನಿಗೆ ಬದ್ಧವಾಗುವ ನಿರ್ಧಾರ ತೆಗೆದುಕೊಳ್ಳಲು ಆಗದಿದ್ದರೆ ಮಾತ್ರ ಪೋಷಕರನ್ನು ನೇಮಿಸಬಹುದು. ಅದೂ ಇಂಥ ವಿಷಯಕ್ಕೆ, ಇಷ್ಟು ಅವಧಿಗೆ ಎಂದು ಗೊತ್ತುಮಾಡಿ. ಪರಸ್ಪರ ನಂಬಿಕೆಯಿಂದ ಇಬ್ಬರೂ ಕೂಡಿ ತೆಗೆದುಕೊಳ್ಳುವ ತೀರ್ಮಾನ ಎಂಬುದೇ ಕಾಯ್ದೆ ಕೊಡುವ ಅರ್ಥ, ಮತ್ತು ಅದು ನಡೆಯಬೇಕಾದದ್ದು ಆ ವ್ಯಕ್ತಿಯ ಇಚ್ಛೆಯಂತೆ. ನನ್ನ ಮಟ್ಟಿಗೆ ಇಡೀ ಕಲಮಿನ ಜೀವ ಈ ‘ಇಚ್ಛೆ’ ಎಂಬ ಪದದಲ್ಲಿದೆ. ‘ಹಿತ’ ಎಂದು ಬರೆದಿದ್ದರೆ ಅವನ ಹಿತ ಏನೆಂದು ನಾವೇ ಕೂತು ತೀರ್ಮಾನಿಸಿಬಿಡುತ್ತಿದ್ದೆವು. ಇಚ್ಛೆ ಎಂದ ಮೇಲೆ ಅವನನ್ನೇ ಕೇಳಬೇಕು.

ಅಗತ್ಯ ಬಿದ್ದರೆ ನ್ಯಾಯಾಲಯ ಪೂರ್ಣ ಬೆಂಬಲವನ್ನೂ ಕೊಡಬಹುದು, ಆದರೆ ಅದನ್ನು ಮರುಪರಿಶೀಲಿಸುತ್ತಿರಬೇಕು.

ನಮ್ಮ ಮನೆಗಳಲ್ಲಿ ಹೆಚ್ಚು ಕೆಲಸಕ್ಕೆ ಬರುವ ಇನ್ನೊಂದು ಮಾತೂ 13ನೇ ಕಲಮಿನಲ್ಲಿದೆ. ಯಾವುದೇ ವ್ಯವಹಾರದಲ್ಲಿ ಬೆಂಬಲ ಕೊಡುವವರ ಲಾಭ ಒಂದು ಕಡೆ, ಆ ವ್ಯಕ್ತಿಯ ಲಾಭ ಇನ್ನೊಂದು ಕಡೆ ಆದರೆ, ಬೆಂಬಲ ಕೊಡುವವರು ಆ ವ್ಯವಹಾರದಿಂದ ಹಿಂದೆ ಸರಿಯಬೇಕು. ಜಮೀನು ಹಿಸ್ಸೆ ಆಗುವಾಗ ಅಣ್ಣ ತನ್ನ ಪಾಲಿಗೂ ಸಹಿ ಹಾಕಿ, ತಮ್ಮನ ಪಾಲಿಗೂ ತಾನೇ ಸಹಿ ಹಾಕುವುದು ಸಲ್ಲದು. ಊರ ಹಿರಿಯರು “ಅವನಿಗೇನು ಗೊತ್ತಾಗುತ್ತೆ, ನೀನೇ ನೋಡ್ಕೊಳ್ಳೋ” ಎಂದು ಎಷ್ಟೇ ಪ್ರೀತಿಯಿಂದ ಹೇಳಲಿ.

ಇನ್ನು ದಾರಿ ಯಾವುದು ಎಂಬ ಪ್ರಶ್ನೆ. ಆಟಿಸಂ, ಸೆರೆಬ್ರಲ್ ಪಾಲ್ಸಿ, ಬೌದ್ಧಿಕ ಅಂಗವೈಕಲ್ಯ, ಬಹುವಿಧ ಅಂಗವೈಕಲ್ಯ ಇರುವವರಿಗೆ 1999ರ ನ್ಯಾಷನಲ್ ಟ್ರಸ್ಟ್ ಕಾಯ್ದೆ ಇದೆ. ಅದರಡಿ ಜಿಲ್ಲಾಧಿಕಾರಿ ದರ್ಜೆಯ ಅಧಿಕಾರಿ, ಒಂದು ನೋಂದಾಯಿತ ಸಂಸ್ಥೆಯ ಪ್ರತಿನಿಧಿ, ಒಬ್ಬ ಅಂಗವಿಕಲ ವ್ಯಕ್ತಿ ಇರುವ ಸ್ಥಳೀಯ ಮಟ್ಟದ ಸಮಿತಿ ಇರುತ್ತದೆ. ತಂದೆತಾಯಿ, ಸಂಬಂಧಿಕರು ಅಥವಾ ಸಂಸ್ಥೆ ಅಲ್ಲಿ ಅರ್ಜಿ ಹಾಕಬಹುದು. ಪೋಷಕರು ನಿಜಕ್ಕೂ ಬೇಕೇ, ಬೇಕಾದರೆ ಯಾವ ಕೆಲಸಕ್ಕೆ ಎಂಬುದನ್ನು ಸಮಿತಿ ನೋಡಬೇಕು. ಸಮಿತಿಯ ಪ್ರಮಾಣಪತ್ರವನ್ನು ಬ್ಯಾಂಕುಗಳು ನೆಚ್ಚಬಹುದು ಎಂದು ರಿಸರ್ವ್ ಬ್ಯಾಂಕೂ ಹೇಳಿದೆ. ಹಳೆಯ ಕಾನೂನುಗಳಡಿ ನೇಮಕವಾದ ಪೋಷಕರೆಲ್ಲ ಸೀಮಿತ ಪೋಷಕರೇ ಎಂದು 2016ರ ಕಾಯ್ದೆ ಸಾರಿದ್ದನ್ನೂ ನೆನಪಿಡಬೇಕು.

ಸ್ಕಿಜೋಫ್ರೇನಿಯಾದಂಥ ಮಾನಸಿಕ ಕಾಯಿಲೆ ಇರುವವರ ಮಾತು ಬೇರೆ. ಅವರು ನ್ಯಾಷನಲ್ ಟ್ರಸ್ಟ್ ವ್ಯಾಪ್ತಿಗೆ ಬರುವುದಿಲ್ಲ. 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆಯಲ್ಲಿ ಇರುವುದು ನಾಮನಿರ್ದೇಶಿತ ಪ್ರತಿನಿಧಿ, ಅದು ಚಿಕಿತ್ಸೆಗಷ್ಟೇ. ಆಸ್ತಿಪಾಸ್ತಿಗಾಗಿ ಜಿಲ್ಲಾ ನ್ಯಾಯಾಲಯದ, ಇಲ್ಲವೇ ರಾಜ್ಯ ಸರ್ಕಾರ ಗೊತ್ತುಮಾಡಿದ ಪ್ರಾಧಿಕಾರದ ಮೆಟ್ಟಿಲು ಹತ್ತಬೇಕು. ಆದರೂ ಆ ಕಾಯ್ದೆಯ 4ನೇ ಕಲಮಿನ ಒಂದು ಮಾತು ನನಗೆ ಬಹಳ ದೊಡ್ಡದಾಗಿ ಕಾಣುತ್ತದೆ: ಚಿಕಿತ್ಸೆಯ ಬಗ್ಗೆ ಒಬ್ಬರು ತೆಗೆದುಕೊಂಡ ತೀರ್ಮಾನ ಬೇರೆಯವರಿಗೆ ತಪ್ಪಾಗಿ ಕಂಡಿತು ಎಂದಮಾತ್ರಕ್ಕೆ ಅವರಿಗೆ ತೀರ್ಮಾನಿಸುವ ಶಕ್ತಿ ಇಲ್ಲ ಎನ್ನುವಂತಿಲ್ಲ.

ಇಚ್ಛೆಗೆ ಎಷ್ಟು ತೂಕ ಎಂಬುದು 2009ರಲ್ಲಿ ಸುಪ್ರೀಂ ಕೋರ್ಟಿನಲ್ಲೂ ಚರ್ಚೆಗೆ ಬಂತು. ಚಂಡೀಗಢದ ಸರ್ಕಾರಿ ಆಶ್ರಯದಲ್ಲಿದ್ದ, ಬೌದ್ಧಿಕ ಅಂಗವೈಕಲ್ಯವಿದ್ದ ಯುವತಿ ಅತ್ಯಾಚಾರದಿಂದ ಗರ್ಭಿಣಿಯಾಗಿದ್ದಳು. ಮಗು ಬೇಕು ಎಂದಳು. ಗರ್ಭಪಾತ ಮಾಡಿಸಿ ಎಂದು ಹೈಕೋರ್ಟ್ ಆದೇಶಿಸಿತ್ತು. ಸುಪ್ರೀಂ ಕೋರ್ಟ್ ಅದನ್ನು ತಡೆಯಿತು. ಆಕೆಗೆ ಇರುವುದು ಮಾನಸಿಕ ಕಾಯಿಲೆಯಲ್ಲ, ಆಕೆ ವಯಸ್ಕಳು, ಹಾಗಾಗಿ ಗರ್ಭಪಾತದ ಕಾನೂನಿನ ಪ್ರಕಾರ ಆಕೆಯ ಒಪ್ಪಿಗೆಯೇ ಬೇಕು, ಆಕೆಯ ಬದಲು ಸರ್ಕಾರ ಒಪ್ಪಿಗೆ ಕೊಡಲಾಗದು ಎಂದಿತು.

ಸ್ಥಳೀಯ ಮಟ್ಟದ ಸಮಿತಿಗೆ ನಾವು ಹಾಕಿದ್ದ ಅರ್ಜಿಯ ವಿಚಾರಣೆಯ ದಿನ ಅಧಿಕಾರಿ ನನ್ನನ್ನು ಬಿಟ್ಟು ತಮ್ಮನ ಕಡೆಗೇ ತಿರುಗಿ ಕೇಳಿದರು: “ನಿನ್ನ ದುಡ್ಡು ಯಾರು ನೋಡ್ಕೋಬೇಕಪ್ಪಾ?” ಅವನು ಸ್ವಲ್ಪ ಹೊತ್ತು ಮೇಜಿನ ಮೇಲಿದ್ದ ಕಡತ ನೋಡಿದ. “ಅಕ್ಕ. ಪಾಸ್‌ಬುಕ್ ನನ್ ಹತ್ರ ಇರ್ಲಿ” ಅಂದ.

ಪಾಸ್‌ಬುಕ್ ಅವನ ಹತ್ತಿರವೇ ಇದೆ, ಸ್ಟೀಲ್ ಟಿಫಿನ್ ಡಬ್ಬಿಯೊಳಗೆ. ನ್ಯಾಷನಲ್ ಟ್ರಸ್ಟ್ ಕಾಯ್ದೆಯಡಿ ಪೋಷಕರಾದವರು 6 ತಿಂಗಳೊಳಗೆ ಆಸ್ತಿ ಮತ್ತು ಸಾಲದ ಪಟ್ಟಿ ಕೊಡಬೇಕು, ಹಣಕಾಸು ವರ್ಷ ಮುಗಿದ 3 ತಿಂಗಳೊಳಗೆ ಲೆಕ್ಕ ಒಪ್ಪಿಸಬೇಕು. ಹಣ ನುಂಗಿದರೆ, ನೋಡಿಕೊಳ್ಳದೆ ಬಿಟ್ಟರೆ ಪೋಷಕರನ್ನು ತೆಗೆದುಹಾಕಲೂ ಬರುತ್ತದೆ. ನಮ್ಮ ಮನೆಯಲ್ಲಿ ಮೇ ತಿಂಗಳಲ್ಲಿ ಇಬ್ಬರೂ ಕೂತು ಬರೆಯುತ್ತೇವೆ. ಕಳೆದ ಸಲ ಅವನಿಗೆ ಹಳದಿ ಛತ್ರಿಯೊಂದು ಬೇಕಾಯಿತು. ಮನೆಯಲ್ಲಿ ಮೂರು ಛತ್ರಿ ಇವೆಯಲ್ಲೋ ಎಂದು ಅಮ್ಮ ಬೈದರು. “ಅವೆಲ್ಲ ಕಪ್ಪು” ಅಂದ. ‘ಛತ್ರಿ, 350 ರೂಪಾಯಿ’ ಎಂಬ ಸಾಲು ಲೆಕ್ಕದ ಪುಸ್ತಕದಲ್ಲಿ ಅವನದೇ ಅಕ್ಷರದಲ್ಲಿದೆ, ರಾವೊತ್ತು ಒಂಚೂರು ಪಕ್ಕಕ್ಕೆ ಸರಿದು.