ಯಾವ ಜಾಲಿ? ಮೇವಿನ ಕಂಟಿಗಳ ಹೆಸರು ಮತ್ತು ಬಳಕೆ: ಅಧ್ಯಯನ ಟಿಪ್ಪಣಿ

ಬಯಲುಸೀಮೆಯಲ್ಲಿ ಆಡು–ಕುರಿ ಮೇವಿನ ಮಾತು ಬಂದರೆ ಮೊದಲು ಬಾಯಿಗೆ ಬರುವ ಹೆಸರು ಜಾಲಿ. ಮಳೆ ಕೈಕೊಟ್ಟರೂ ಹಸಿರಾಗಿರುವ, ಕಡಿದರೆ ಮತ್ತೆ ಚಿಗುರುವ, ಮೈತುಂಬ ಮುಳ್ಳಿರುವ ಗಿಡಕ್ಕೆಲ್ಲ ನಮ್ಮ ಜನ ಈ ಹೆಸರು ಕೊಟ್ಟಿದ್ದಾರೆ. ಸಸ್ಯಶಾಸ್ತ್ರದ ಲೆಕ್ಕದಲ್ಲಿ ಇದು ಒಂದು ಗಿಡವಲ್ಲ, ಒಂದು ಕುಲವೂ ಅಲ್ಲ. ಒಂದರ ಸೊಪ್ಪು ಒಳ್ಳೆ ಮೇವು, ಇನ್ನೊಂದರ ಸೊಪ್ಪನ್ನು ದನ ಮೂಸಿ ಬಿಡುತ್ತದೆ, ಮತ್ತೊಂದರ ಚಿಗುರು ಹಸಿದ ಆಡಿನ ಜೀವ ತೆಗೆಯಬಲ್ಲದು. ಹಾಗಾಗಿ ಪುಸ್ತಕದಲ್ಲಾಗಲಿ ಊರಿನಲ್ಲಾಗಲಿ ‘ಜಾಲಿ’ ಎಂದು ಕಂಡರೆ, ಕೇಳಿದರೆ, ‘ಯಾವ ಜಾಲಿ?’ ಎಂದು ಮರುಪ್ರಶ್ನೆ ಹಾಕದೆ ಮುಂದೆ ಹೋಗಬಾರದು.

ಬಳಕೆಯಲ್ಲಿ ಈ ಪದ

ಬರಿಯ ‘ಜಾಲಿ’ ಎಂದರೆ ಯಾವುದು ಎನ್ನುವುದು ಆಡುವವರ ವಯಸ್ಸು, ಊರು, ಸಂದರ್ಭವನ್ನು ಅವಲಂಬಿಸಿದೆ. ಉತ್ತರ ಕರ್ನಾಟಕದ ಎರೆಭೂಮಿಯ ಹಿರಿಯರ ಬಾಯಲ್ಲಿ ಅದು ಸಾಮಾನ್ಯವಾಗಿ ಕರಿಜಾಲಿ. ಹಳೇ ಮೈಸೂರು ಕಡೆ ಅದೇ ಮರ ‘ಗೊಬ್ಬಳಿ’. ಅಲ್ಲಿ ಜಾಲಿ ಎಂದು ಕೇಳಿದರೆ ಕೆಲವರು ಬೇರೆ ಗಿಡ ತೋರಿಸುತ್ತಾರೆ. ‘ಕೆರೆ ತುಂಬ ಜಾಲಿ ಬೆಳೆದಿದೆ’, ‘ಜಾಲಿ ತೆರವು ಕಾಮಗಾರಿ’ ಎಂಬ ಇಂದಿನ ಮಾತುಗಳಲ್ಲಿರುವುದು ಬಹುತೇಕ ಬಳ್ಳಾರಿ ಜಾಲಿ. ‘ಜಾಲಿಕಂಟಿ’ ಎಂದರೆ ಗಿಡದ ಜಾತಿಗಿಂತ ಅದರ ಆಕಾರ ಮುಖ್ಯ: ಕುಳ್ಳಾಗಿ, ಬುಡದಿಂದಲೇ ಹಲವು ಕವಲಾಗಿ, ಒಳಗೆ ಕೈ ಹಾಕಲಾಗದಂತೆ ಹೆಣೆದುಕೊಂಡ ಮುಳ್ಳುಪೊದೆ. ‘ಜಾಲಿ ಹಾಕು’ ಎಂದರೆ ಕಡಿದ ಮುಳ್ಳುಕೊಂಬೆಗಳಿಂದ ಬೇಲಿ ಕಟ್ಟು ಎಂದರ್ಥ.

ಹಳೆಯ ಬರಹ ಓದುವವರಿಗೆ ಒಂದು ಎಚ್ಚರಿಕೆ. ದಾಸ ಸಾಹಿತ್ಯದಲ್ಲಿ ದುರ್ಜನರನ್ನು ಜಾಲಿಯ ಮರಕ್ಕೆ ಹೋಲಿಸಿದ್ದಾರೆ. ಅದನ್ನು ಬಳ್ಳಾರಿ ಜಾಲಿ ಎಂದು ವಿವರಿಸುವುದು ತಪ್ಪು. ಆ ಗಿಡ ಭಾರತಕ್ಕೆ ಬಂದದ್ದು 19ನೇ ಶತಮಾನದಲ್ಲಿ. ಬಾದಾಮಿ ಸೀಮೆಯ ಜಾಲಿಹಾಳದಂಥ ಊರಹೆಸರುಗಳಲ್ಲಿರುವ ಜಾಲಿಗೂ ಇದೇ ಮಾತು ಸಲ್ಲುತ್ತದೆ. ಕಟ್ಟಡ ಕೆಲಸದವರ ‘ಜಾಲಿ’, ಅಂದರೆ ಜಾಲರಿ, ಬೇರೆಯದೇ ಪದ. ಅದನ್ನು ಇಲ್ಲಿಗೆ ಎಳೆದು ತರಬೇಕಿಲ್ಲ.

ಕರಿಜಾಲಿ

ಈಗಿನ ಶಾಸ್ತ್ರೀಯ ಹೆಸರು ವಾಚೆಲಿಯಾ ನಿಲೋಟಿಕಾ. ಹಳೆಯ ಪುಸ್ತಕಗಳಲ್ಲಿ ಅಕೇಶಿಯಾ ನಿಲೋಟಿಕಾ. ತೊಗಟೆ ಕಪ್ಪು, ಉದ್ದುದ್ದ ಬಿರುಕು. ಎಲೆಯ ಬುಡದಲ್ಲಿ ಎರಡೆರಡಾಗಿ ನೆಟ್ಟಗಿನ ಬಿಳಿಚು ಮುಳ್ಳು, ಎಳೆಗಿಡದಲ್ಲಿ ಇವು ಹೆಚ್ಚು ಉದ್ದ. ಹೂವು ಹಳದಿ ಗುಂಡು. ಗುರುತಿಗೆ ಕಾಯಿಯೇ ಸಾಕು: ಬೂದುಬಣ್ಣದ ಮೃದು ರೋಮ ಹೊದ್ದಿರುತ್ತದೆ, ಪ್ರತಿ ಬೀಜದ ನಡುವೆ ಬಿಗಿದು ಮಣಿ ಪೋಣಿಸಿದ ಸರದಂತೆ ಕಾಣುತ್ತದೆ. ಹಸಿಕಾಯಿ ಮುರಿದು ನಾಲಿಗೆಗೆ ಮುಟ್ಟಿಸಿದರೆ ಬಾಯೆಲ್ಲ ಒಗರು.

ಆ ಒಗರೇ ಟ್ಯಾನಿನ್. ತೊಗಟೆಯಲ್ಲಿ ಇದು ಶೇ 12ರಿಂದ 20ರಷ್ಟು ಇರುವುದರಿಂದ ಚರ್ಮ ಹದ ಮಾಡಲು ತಲೆಮಾರುಗಳಿಂದ ಬಳಸಿದ್ದಾರೆ. ಮೇವಿನ ವಿಷಯದಲ್ಲಿ ಇದು ಎರಡು ಅಲಗಿನ ಕತ್ತಿ. ಒಟ್ಟು ಒಣ ಆಹಾರದಲ್ಲಿ ಟ್ಯಾನಿನ್ ಶೇ 2ರಿಂದ 4ರೊಳಗಿದ್ದರೆ ಪ್ರೋಟೀನು ಮೊದಲ ಹೊಟ್ಟೆಯಲ್ಲಿ ಪೂರ್ತಿ ಒಡೆಯದೆ ಮುಂದೆ ಸಾಗಿ ಪ್ರಾಣಿಗೆ ದಕ್ಕುತ್ತದೆ. ಶೇ 5–6 ದಾಟಿತೆಂದರೆ ಪ್ರೋಟೀನನ್ನು ಬಿಗಿಯಾಗಿ ಹಿಡಿದಿಟ್ಟು ಜೀರ್ಣವಾಗಲು ಬಿಡುವುದಿಲ್ಲ. ಪ್ರಾಣಿ ಮೇವು ತಿನ್ನುವುದನ್ನೂ ಕಡಿಮೆ ಮಾಡುತ್ತದೆ. ಆಡಿನ ಜೊಲ್ಲಿನಲ್ಲಿ ಟ್ಯಾನಿನ್ನಿಗೆ ಅಂಟಿಕೊಳ್ಳುವ ಪ್ರೋಟೀನುಗಳಿರುವುದರಿಂದ ಅದು ಹೆಚ್ಚು ತಾಳಿಕೊಳ್ಳುತ್ತದೆ. ಕುರಿ, ದನಕ್ಕೆ ಆ ಅನುಕೂಲ ಅಷ್ಟಿಲ್ಲ. ಆದ್ದರಿಂದ ಕರಿಜಾಲಿ ಸೊಪ್ಪು–ಕಾಯಿಯನ್ನು ಹೊಟ್ಟು, ಒಣಹುಲ್ಲು, ಸೊಪ್ಪೆಯ ಜೊತೆಗೆ ಪಾಲಾಗಿ ಕೊಡಬೇಕು, ಪೂರ್ಣ ಆಹಾರವಾಗಿ ಅಲ್ಲ. ಹಸಿ ಎಳೆಗಾಯಿಗಿಂತ ಬೇಸಿಗೆಯಲ್ಲಿ ಬಲಿತು ತಾನಾಗಿ ಉದುರಿದ ಕಾಯಿ ಲೇಸು. ಮೇಯಿಸುವವರು ದೋಟಿ ಹಾಕಿ ಕೊಂಬೆ ಅಲ್ಲಾಡಿಸುವುದು ಇದಕ್ಕೇ. ಕಾಯಿ ಬೀಳುತ್ತದೆ, ಮರ ಉಳಿಯುತ್ತದೆ.

ಬಿಳಿಜಾಲಿ

ವಾಚೆಲಿಯಾ ಲ್ಯೂಕೊಫ್ಲೋಯಿಯಾ. ತೊಗಟೆ ಬಿಳಿಚು ಹಳದಿ. ಹೂವು ಕರಿಜಾಲಿಯಂತೆ ಹಳದಿಯಲ್ಲ, ಕೆನೆಬಣ್ಣ; ಕೊಂಬೆಯ ತುದಿಯಲ್ಲಿ ದೊಡ್ಡ ಗೊಂಚಲಾಗಿ ಬಿಡುತ್ತದೆ. ಕಾಯಿ ಚಪ್ಪಟೆ, ತುಸು ಬಾಗಿದ್ದು, ಮಣಿಯಂತೆ ಬಿಗಿದಿರುವುದಿಲ್ಲ. ಹುಲ್ಲುಗಾವಲಿನ ಮರವಾಗಿ ಇದರ ಬೆಲೆ ನೋಡಬೇಕಾದರೆ ನೆರೆಯ ತಮಿಳುನಾಡಿನ ಕಾಂಗೇಯಂ ಸೀಮೆಯ ‘ಕೊರಂಗಾಡು’ ನೋಡಬೇಕು. ಅಲ್ಲಿ ಮುಳ್ಳುಗಿಡದ ಜೀವಂತ ಬೇಲಿ ಕಟ್ಟಿದ ಖುಷ್ಕಿ ಹೊಲದಲ್ಲಿ ಸೆಂಕ್ರಸ್ ಹುಲ್ಲು, ನಡುನಡುವೆ ಬಿಳಿಜಾಲಿ. ಕಾಂಗೇಯಂ ತಳಿಯ ದನ ಅದರ ನೆರಳಲ್ಲಿ ನಿಂತು ಉದುರಿದ ಕಾಯಿ ತಿನ್ನುತ್ತವೆ.

ಇದರ ಅಪಾಯ ಕರಿಜಾಲಿಯದಕ್ಕಿಂತ ಬೇರೆ. ಎಲೆ, ಚಿಗುರುಗಳಲ್ಲಿ ಹೈಡ್ರೊಸಯನಿಕ್ ಆಮ್ಲ ಬಿಡುಗಡೆ ಮಾಡುವ ವಸ್ತುಗಳಿರುತ್ತವೆ. ಬೆಳಗಿನಿಂದ ಹಸಿದ ಮಂದೆಯನ್ನು ಹೊಸ ಚಿಗುರಿನ ಮೇಲೆ ಬಿಟ್ಟಾಗ, ಇಲ್ಲವೇ ಕಡಿದು ಬಾಡಿದ ಕೊಂಬೆಯನ್ನು ರಾಶಿ ಹಾಕಿದಾಗ ತೊಂದರೆ ಆಗುತ್ತದೆ. ಏದುಸಿರು, ಜೊಲ್ಲು, ತೂರಾಟ, ನೆಲಕ್ಕೆ ಬೀಳುವುದು, ಎಲ್ಲವೂ ನಿಮಿಷಗಳ ಲೆಕ್ಕದಲ್ಲಿ. ಕಣ್ಣು–ಬಾಯಿಯ ಒಳಪದರ ಹೊಳೆಯುವ ಕೆಂಪಾಗಿ ಕಾಣುವುದು ಮುಖ್ಯ ಗುರುತು. ರಕ್ತದಲ್ಲಿ ಆಮ್ಲಜನಕ ಇದ್ದೂ ಜೀವಕೋಶ ಅದನ್ನು ಬಳಸಲಾಗದ ಸ್ಥಿತಿ ಅದು. ಪಶುವೈದ್ಯರು ಸೋಡಿಯಂ ಥಯೋಸಲ್ಫೇಟನ್ನು ರಕ್ತನಾಳಕ್ಕೆ ಕೊಡುತ್ತಾರೆ. ಮನೆಮದ್ದಿಗೆ ಕಾಯುವಷ್ಟು ಸಮಯ ಇರುವುದಿಲ್ಲ. ಮೊದಲು ಒಣಮೇವು ತಿನ್ನಿಸಿ ಆಮೇಲೆ ಈ ಸೊಪ್ಪಿಗೆ ಬಿಡುವುದು ಸುಲಭದ ತಡೆ.

ಕಸ್ತೂರಿ ಜಾಲಿ, ಅಂದರೆ ವಾಚೆಲಿಯಾ ಫರ್ನೇಸಿಯಾನಾ, ಹೆಸರೇ ಹೇಳುವಂತೆ ಘಮದ ಹಳದಿ ಹೂವಿನ ಪೊದೆ. ಸುಗಂಧದ್ರವ್ಯಕ್ಕೆ ಹೆಸರಾದದ್ದು, ಮೇವಿನಲ್ಲಿ ಪಾಲು ಕಡಿಮೆ. ಕಾಯಿ ದುಂಡಗೆ ಉಬ್ಬಿ ಕಡುಕಂದು ಬಣ್ಣಕ್ಕಿರುತ್ತದೆ.

ಬಳ್ಳಾರಿ ಜಾಲಿ

ಅತಿ ಹೆಚ್ಚು ಗೊಂದಲ ಇರುವುದು ಇಲ್ಲೇ. ಮಧ್ಯ ಅಮೆರಿಕ, ದಕ್ಷಿಣ ಅಮೆರಿಕದ ಉತ್ತರ ಭಾಗ ಮತ್ತು ಕೆರಿಬಿಯನ್ ಇದರ ತವರು. 1870ರ ದಶಕದಲ್ಲಿ ಜಮೈಕಾದಿಂದ ಬೀಜ ತರಿಸಿ ಕಡಪ ಸೀಮೆಯಲ್ಲಿ ನೆಡಿಸಿದ್ದು ದಕ್ಷಿಣದಲ್ಲಿ ಇದರ ಆರಂಭದ ದಾಖಲೆ. ತೆಲುಗಿನಲ್ಲಿ ಸರ್ಕಾರು ತುಮ್ಮ, ತಮಿಳಿನಲ್ಲಿ ಸೀಮೈ ಕರುವೇಲಂ, ಗುಜರಾತಿಯಲ್ಲಿ ಗಾಂಡೊ ಬಾವಳ, ಹಿಂದಿಯಲ್ಲಿ ವಿಲಾಯತಿ ಬಬೂಲ್. ಗಮನಿಸಿ, ಎಲ್ಲ ಭಾಷೆಯಲ್ಲೂ ಕರಿಜಾಲಿಯ ಹೆಸರಿಗೇ ‘ಸರ್ಕಾರಿ’, ‘ಸೀಮೆ’, ‘ಹುಚ್ಚು’ ಎಂಬ ವಿಶೇಷಣ ಅಂಟಿಸಿದ್ದಾರೆ. ಹೆಸರು ಜಾಲಿಯಾದರೂ ನೆಂಟಸ್ತಿಕೆಯಲ್ಲಿ ಇದು ದಸರೆಗೆ ಪೂಜೆಗೊಳ್ಳುವ ಬನ್ನಿಗೆ, ಅಂದರೆ ಪ್ರೊಸೊಪಿಸ್ ಸಿನರೇರಿಯಾಕ್ಕೆ ಹತ್ತಿರ. ಪ್ರೊಸೊಪಿಸ್ ಜೂಲಿಫ್ಲೋರಾ ಎಂದೇ ಪ್ರಸಿದ್ಧವಾದ ಇದನ್ನು 2022ರಲ್ಲಿ ನೆಲ್ಟುಮಾ ಕುಲಕ್ಕೆ ಸೇರಿಸಿದರು. ಬನ್ನಿ ಪ್ರೊಸೊಪಿಸ್‌ನಲ್ಲೇ ಉಳಿಯಿತು. ಪರೀಕ್ಷೆಗೆ ಓದುವವರು ಎರಡೂ ಹೆಸರು ತಿಳಿದಿರಬೇಕು.

ಹೂವು ಗುಂಡಲ್ಲ, ಜೋತುಬಿದ್ದ ಹಸಿರು–ಹಳದಿ ಕದಿರು. ಮಾಗಿದ ಕಾಯಿ ಹುಲ್ಲಿನ ಹಳದಿ ಬಣ್ಣ, ಬೆರಳುದ್ದ ಇಲ್ಲವೇ ಅದಕ್ಕೂ ಉದ್ದ. ಬಗ್ಗಿಸಿ ಮುರಿದರೆ ಹೊರಗೆ ತೆಳು ಸಿಪ್ಪೆ, ನಡುವೆ ಸ್ಪಂಜಿನಂಥ ಸಿಹಿ ತಿರುಳು, ಅದರೊಳಗೆ ಸಾಲಾಗಿ ಗಟ್ಟಿ ಚಿಪ್ಪುಗಳು. ಒಂದೊಂದು ಚಿಪ್ಪಿನಲ್ಲೂ ಒಂದೊಂದು ಬೀಜ. ಚಿಪ್ಪನ್ನು ಉಗುರಿನಿಂದ ಬಿಡಿಸಲಾಗದು, ಕತ್ತರಿ ಬೇಕು. ಈ ಗಿಡದ ಇಡೀ ಕಥೆ ಆ ಚಿಪ್ಪಿನಲ್ಲಿದೆ.

‘ಆಡು ಮುಟ್ಟದ ಸೊಪ್ಪಿಲ್ಲ’ ಎಂಬ ಗಾದೆಗೆ ಬಳ್ಳಾರಿ ಜಾಲಿಯ ಎಲೆ ಅಪವಾದ. ತೀರಾ ಬರದಲ್ಲಿ ಎಳೆಚಿಗುರು ಕಚ್ಚಬಹುದೇ ಹೊರತು ಬಲಿತ ಹಸಿರೆಲೆಯನ್ನು ಆಡೂ ಬಿಡುತ್ತದೆ. ಊರ ಗೋಮಾಳವೆಲ್ಲ ಹಸಿರಾಗಿದ್ದರೂ ಮೇವಿಲ್ಲ ಎಂಬ ಸ್ಥಿತಿ ಹುಟ್ಟುವುದು ಹೀಗೆ. ಮೇವು ಎನಿಸಿಕೊಳ್ಳುವುದು ಕಾಯಿ ಮಾತ್ರ. ಅದರಲ್ಲಿ ಪ್ರೋಟೀನು ಸುಮಾರು ಶೇ 12, ಸಕ್ಕರೆಯೂ ಸಾಕಷ್ಟು. ಪ್ರೋಟೀನಿನ ದೊಡ್ಡ ಪಾಲು ಬೀಜದಲ್ಲಿರುವುದರಿಂದ ಇಡಿಯಾಗಿ ನುಂಗಿದರೆ ಸಕ್ಕರೆ ದಕ್ಕುತ್ತದೆ, ಬೀಜ ಸಗಣಿಯಲ್ಲಿ ಹೊರಬರುತ್ತದೆ.

ಕಾಯಿ ಬಳಸುವ ಕ್ರಮ ಹೀಗೆ. ಉದುರಿದ ಕಾಯಿಯನ್ನು ಒಂದೆರಡು ದಿನದೊಳಗೆ ಆಯಬೇಕು. ಮಳೆ ಬಿದ್ದು ಕಪ್ಪಾದದ್ದು, ಬೂಷ್ಟು ಹಿಡಿದದ್ದು ಬೇಡ. ಮುರಿದರೆ ‘ಟಕ್’ ಎನ್ನುವವರೆಗೆ ಬಿಸಿಲಿಗೆ ಒಣಗಿಸಿ, ಬಿಸಿಯಿರುವ ಮಧ್ಯಾಹ್ನದಲ್ಲೇ ಸುತ್ತಿಗೆ ಗಿರಣಿಯಲ್ಲಿ ಪುಡಿ ಮಾಡಿಸಬೇಕು. ಸಂಜೆಯ ತೇವಕ್ಕೆ ಸಕ್ಕರೆ ಅಂಟಾಗಿ ಜರಡಿ ಕಟ್ಟಿಕೊಳ್ಳುತ್ತದೆ. ಗಿರಣಿಯವರು ಎರಡನೇ ಸಲ ಒಪ್ಪದಿರುವುದಕ್ಕೆ ಕಾರಣ ಬಹುತೇಕ ಇದೇ. ಪುಡಿಯಲ್ಲಿ ಇಡೀ ಬೀಜ ಕಂಡರೆ ಸಣ್ಣ ಕಣ್ಣಿನ ಜರಡಿ ಹಾಕಿ ಮತ್ತೊಮ್ಮೆ ಬೀಸಬೇಕು. ಬೀಜ ಕೊರೆಯುವ ದುಂಬಿ ಬೀಳುವುದರಿಂದ ಗಾಳಿಯಾಡದ ಡ್ರಮ್ಮಿನಲ್ಲಿಡುವುದು ಒಳ್ಳೆಯದು.

ಪ್ರಮಾಣ: ಒಟ್ಟು ಒಣ ಆಹಾರದ ಶೇ 20ರ ಆಸುಪಾಸು, ಹೆಚ್ಚೆಂದರೆ 30. ಲೆಕ್ಕ ಹಾಕಿ ನೋಡಿ. 25 ಕಿಲೋ ತೂಕದ ಆಡು ದಿನಕ್ಕೆ ತೂಕದ ಶೇ 3.5ರಷ್ಟು, ಅಂದರೆ 875 ಗ್ರಾಂ ಒಣ ಆಹಾರ ತಿನ್ನುತ್ತದೆ. ಅದರ ಶೇ 20 ಎಂದರೆ 175 ಗ್ರಾಂ. ಮೊದಲ ದಿನವೇ ಇಷ್ಟು ಹಾಕಬಾರದು. 50 ಗ್ರಾಮಿನಿಂದ ಶುರುಮಾಡಿ ಹತ್ತು–ಹನ್ನೆರಡು ದಿನದಲ್ಲಿ ಏರಿಸಬೇಕು, ಇಲ್ಲದಿದ್ದರೆ ಸಕ್ಕರೆ ಹೊಟ್ಟೆಯಲ್ಲಿ ಹುಳಿಯೇರಿ ಮೆಲುಕು ನಿಲ್ಲುತ್ತದೆ.

ಮಿತಿ ಮೀರಿದರೆ ಏನಾಗುತ್ತದೆ ಎನ್ನುವುದನ್ನು ಬ್ರೆಜಿಲ್‌ನಲ್ಲಿ ಚೆನ್ನಾಗಿ ಅಧ್ಯಯನ ಮಾಡಿದ್ದಾರೆ. ಆಹಾರದ ಅರ್ಧಕ್ಕಿಂತ ಹೆಚ್ಚು ಪಾಲು ಕಾಯಿಯೇ ಆಗಿ ತಿಂಗಳುಗಟ್ಟಲೆ ಮುಂದುವರಿದರೆ, ಜೂಲಿಪ್ರೊಸೊಪಿನ್ ಎಂಬ ಆಲ್ಕಲಾಯ್ಡ್ ಅಗಿಯುವ ಸ್ನಾಯುಗಳನ್ನು ನಡೆಸುವ ನರಕೋಶಗಳನ್ನು ಹಾಳುಮಾಡುತ್ತದೆ. ದನ ತಲೆ ಓರೆ ಮಾಡಿ ಅಗಿಯುತ್ತದೆ, ಜೊಲ್ಲು ಸುರಿಸುತ್ತದೆ, ಬಾಯಿಂದ ಮೇವು ಜಾರುತ್ತದೆ, ದವಡೆಯ ಸ್ನಾಯು ಬತ್ತುತ್ತದೆ. ಅಲ್ಲಿ ಇದಕ್ಕೆ ‘ಸೊಟ್ಟ ಮುಖ’ದ ಕಾಯಿಲೆ ಎಂದೇ ಹೆಸರು. ದನಕ್ಕೂ ಆಡಿಗೂ ಇದು ಬರುತ್ತದೆ. ಕುರಿ ಹೆಚ್ಚು ತಾಳಿಕೊಳ್ಳುತ್ತದೆ. ಬರಗಾಲದಲ್ಲಿ ಕೆರೆಯಂಗಳದ ಕಾಯಿಯನ್ನೇ ನಂಬಿದ ದನಗಳಲ್ಲಿ ಈ ಲಕ್ಷಣಗಳಿಗೆ ಕಣ್ಣಿಟ್ಟಿರಬೇಕು.

ಹರಡುವಿಕೆಯ ಲೆಕ್ಕವೂ ಚಿಪ್ಪಿನದೇ. ಹೊಟ್ಟೆಯ ಮೂಲಕ ಹಾದುಬರುವಾಗ ಬೀಜದ ಗಟ್ಟಿಕವಚ ಸಡಿಲಗೊಂಡು ಮೊಳಕೆ ಸಲೀಸಾಗುತ್ತದೆ. ದನದ ಸಗಣಿಯಲ್ಲಿ ಬದುಕುಳಿಯುವ ಬೀಜ ಹೆಚ್ಚು. ಕುರಿ–ಆಡು ಚೆನ್ನಾಗಿ ಅಗಿಯುವುದರಿಂದ ಕಡಿಮೆ, ಆದರೆ ಇಲ್ಲವೆಂದಲ್ಲ. ಕಾಯಿ ತಿಂದ ಮಂದೆಯನ್ನು ಮರುದಿನವೇ ಹೊಲದಲ್ಲಿ ತರುಬಿಸಿದರೆ, ಅಂದರೆ ಗೊಬ್ಬರಕ್ಕಾಗಿ ನಿಲ್ಲಿಸಿದರೆ, ಗೊಬ್ಬರದ ಜೊತೆ ಜಾಲಿಯನ್ನೂ ಬಿತ್ತಿಸಿಕೊಂಡಂತೆ. ಒಂದು ವಾರ ಬೇರೆ ಮೇವಿನ ಮೇಲಿಟ್ಟು ಆಮೇಲೆ ತರಬೇಕು. ಎದ್ದ ಸಸಿಯನ್ನು ಮೊದಲ ಮಳೆಗಾಲದಲ್ಲೇ ಬೇರುಸಹಿತ ಕೀಳುವುದು ಸುಲಭ. ದೊಡ್ಡ ಗಿಡವನ್ನು ನೆಲಮಟ್ಟಕ್ಕೆ ಕಡಿದರೆ ಒಂದು ಕಾಂಡವಿದ್ದಲ್ಲಿ ಹತ್ತು ಏಳುತ್ತವೆ, ಏಕೆಂದರೆ ಚಿಗುರುವ ಮೊಗ್ಗುಗಳಿರುವುದು ನೆಲದೊಳಗಿನ ಬುಡದಲ್ಲಿ. ಸುಮಾರು ಒಂದು ಅಡಿ ಆಳದವರೆಗೆ ಅಗೆದು ಬೊಡ್ಡೆಯನ್ನೇ ತೆಗೆಯಬೇಕು.

ಗುರುತಿಸುವಾಗ

ಹೂವು–ಕಾಯಿ ಎರಡೂ ಇಲ್ಲದ ಕಾಲದಲ್ಲಿ ಮುಳ್ಳು ನೋಡಿ ತೀರ್ಮಾನಿಸಬೇಡಿ. ಮೇಲೆ ಹೇಳಿದ ಎಲ್ಲ ಜಾಲಿಗಳಲ್ಲೂ ಜೋಡಿಮುಳ್ಳು ಬರುತ್ತದೆ. ಬನ್ನಿ ಮತ್ತು ಸೀಗೆಯಲ್ಲಿ ಮಾತ್ರ ಮುಳ್ಳು ಜೋಡಿಯಿಲ್ಲದೆ ಚದುರಿರುತ್ತದೆ. ಎಲೆಯನ್ನು ಬಿಡಿಸಿ, ನಡುದಂಟಿನಿಂದ ಕವಲೊಡೆಯುವ ಕಿರುದಂಟಿನ ಜೋಡಿಗಳನ್ನು ಎಣಿಸಿ. ಒಂದರಿಂದ ಮೂರು ಜೋಡಿ, ಹೆಚ್ಚಾಗಿ ಎರಡೇ ಇದ್ದು ಕಿರುಎಲೆಗಳು ಬಿಡಿಬಿಡಿಯಾಗಿದ್ದರೆ ಬಳ್ಳಾರಿ ಜಾಲಿ. ಮೂರರಿಂದ ಆರು ಜೋಡಿ ಇದ್ದು ತೊಗಟೆ ಕಪ್ಪಾಗಿದ್ದರೆ ಕರಿಜಾಲಿ. ಅದಕ್ಕೂ ಹೆಚ್ಚಿದ್ದು ತೊಗಟೆ ಬಿಳಿಚಾಗಿದ್ದರೆ ಬಿಳಿಜಾಲಿ. ಒಂದೇ ಎಲೆ ಸಾಲದು, ಬೇರೆ ಬೇರೆ ಕೊಂಬೆಯಿಂದ ಐದಾರು ಎಲೆ ಎಣಿಸಿ. ಟಿಪ್ಪಣಿ ಪುಸ್ತಕದಲ್ಲಿ ಊರವರು ಹೇಳಿದ ಹೆಸರನ್ನು ಅವರ ಬಾಯಲ್ಲಿ ಬಂದಂತೆಯೇ ಬರೆದುಕೊಂಡು, ಪಕ್ಕದಲ್ಲಿ ಎಣಿಕೆ, ತೊಗಟೆಯ ಬಣ್ಣ ಮತ್ತು ಆಡು ಅದರ ಯಾವ ಭಾಗ ತಿನ್ನುತ್ತದೆ ಎಂಬುದನ್ನು ದಾಖಲಿಸಿ.