ಡ್ಯೂಟಿಯಲ್ಲಿದ್ದರಾ? ನಮ್ಮವರಾ?

ಪತ್ತನಾಜೆ (ತುಳುನಾಡಿನವರಿಗೆ ಮಳೆಗಾಲದ ಹೊಸ್ತಿಲಿನ ದಿನ) ಕಳೆದು ಗಾಳಿಮಳೆ ಹಿಡಿಯಿತೆಂದರೆ ಕಾರ್ಕಳ, ಹೆಬ್ರಿ ಕಡೆ ಲೈನ್ ಮೇಲೆ ಮರ ಬೀಳದ ದಿನವೇ ಕಡಿಮೆ. ಕರೆಂಟ್ ಹೋಗಿ ಅರ್ಧ ಗಂಟೆ ಆಗುವಷ್ಟರಲ್ಲಿ ನಾವು ಮೆಸ್ಕಾಂಗೆ ಫೋನ್ ಮಾಡಿರುತ್ತೇವೆ. ಕಂಬ ಹತ್ತಿದವರು ಜೀವಂತ ಇಳಿಯದಿದ್ದರೆ ಮರುದಿನ ಪೇಪರಿನಲ್ಲಿ ಸುದ್ದಿ. ಕೊನೆಯಲ್ಲಿ ಪರಿಹಾರದ ಒಂದು ಸಾಲು. ಆ ಸಾಲಿನ ಮೊತ್ತ ಒಬ್ಬೊಬ್ಬರಿಗೆ ಒಂದೊಂದು ಥರ ಯಾಕಿರುತ್ತದೆ ಅನ್ನುವುದಕ್ಕೆ ಸ್ವಲ್ಪ ಹಿಂದಕ್ಕೆ ಹೋಗಬೇಕು.

1891ರಲ್ಲಿ ಮೈಸೂರು ಸಂಸ್ಥಾನ ತನ್ನ ನೌಕರರಿಗೆ ವಿಮೆ ತಂದಿತು. ಈಗಿನ ಕೆಜಿಐಡಿ, ಅಂದರೆ ರಾಜ್ಯ ಸರ್ಕಾರಿ ನೌಕರರ ವಿಮಾ ಇಲಾಖೆ, ಬೆಳೆದದ್ದು ಅದರಿಂದಲೇ. ನಮ್ಮ ಜಿಲ್ಲೆ ಆಗ ಮದ್ರಾಸಿನಲ್ಲಿತ್ತು, ಮೈಸೂರಿಗೆ ಸೇರಿದ್ದು 1956ರಲ್ಲಿ. ನಡುವೆ ಬ್ರಿಟಿಷರ 1923ರ ಕಾರ್ಮಿಕ ಪರಿಹಾರ ಕಾಯ್ದೆ ಬಂತು, ಆಮೇಲೆ ಕುಟುಂಬ ಪಿಂಚಣಿ, 1996ರಲ್ಲಿ ಸತ್ತ ನೌಕರರ ಮನೆಯ ಒಬ್ಬರಿಗೆ ಕೆಲಸ ಕೊಡುವ ಅನುಕಂಪದ ನೌಕರಿಯ ನಿಯಮ. ಒಂದರ ಮೇಲೊಂದು ಬಂದವು, ಒಂದನ್ನೊಂದು ಕೇಳಿ ಬಂದದ್ದಲ್ಲ.

ಅನುಕಂಪದ ನೌಕರಿ ಹಕ್ಕಲ್ಲ ಎಂದು ಸುಪ್ರೀಂ ಕೋರ್ಟ್ 1994ರಲ್ಲೇ ಹೇಳಿದೆ. ರಾಜ್ಯದ ನಿಯಮದಲ್ಲಿ ಮದುವೆಯಾದ ಮಗಳಿಗೆ ಜಾಗವಿರಲಿಲ್ಲ. ತಾಯಿಯ ಕಡೆಯಿಂದ ಆಸ್ತಿ ಹರಿಯುವ ಅಳಿಯಕಟ್ಟಿನ ಊರಿನವರಿಗೆ ಇದು ವಿಚಿತ್ರ ಅನಿಸಬೇಕು ಅಲ್ವಾ? 2020ರ ಡಿಸೆಂಬರಿನಲ್ಲಿ ಹೈಕೋರ್ಟ್ ‘ಅವಿವಾಹಿತ’ ಎಂಬ ಪದವನ್ನು ಹೊಡೆದುಹಾಕಿತು.

ಕಂಬದ ವಿಷಯಕ್ಕೆ ಬರೋಣ. ಒಂದೇ ಲೈನಿನಲ್ಲಿ ಕೆಲಸ ಮಾಡುವವರಲ್ಲಿ ಒಬ್ಬರು ಕಾಯಂ ಪವರ್‌ಮ್ಯಾನ್, ಇನ್ನೊಬ್ಬರು ಗುತ್ತಿಗೆಯವರು, ಮತ್ತೊಬ್ಬರು ಮಳೆಗಾಲದ ಮಟ್ಟಿಗೆ ಬಂದ ಗ್ಯಾಂಗ್‌ಮ್ಯಾನ್. ತಂತಿಗೆ ಈ ಭೇದ ಗೊತ್ತಿಲ್ಲ. ಫೈಲಿಗೆ ಚೆನ್ನಾಗಿ ಗೊತ್ತು. ಕಾಯಂ ನೌಕರರ ಮನೆಗೆ ಪಿಂಚಣಿ, ವಿಮೆ, ಒಬ್ಬರಿಗೆ ನೌಕರಿಯ ದಾರಿ ಇರುತ್ತದೆ. ಉಳಿದವರಿಗೆ ಮುಖ್ಯ ಆಸರೆ ಆ 1923ರ ಕಾಯ್ದೆಯೇ ಆಗಿತ್ತು; 2025ರ ನವೆಂಬರಿನಲ್ಲಿ ಅದರ ಜಾಗಕ್ಕೆ ಸಾಮಾಜಿಕ ಭದ್ರತಾ ಸಂಹಿತೆ ಬಂತು. ಲೆಕ್ಕದ ರೀತಿ ಅದೇ: ತಿಂಗಳ ಸಂಬಳದ ಅರ್ಧ, ಅದಕ್ಕೆ ವಯಸ್ಸಿಗೆ ತಕ್ಕ ಗುಣಕ. ಸಂಬಳ ಎಷ್ಟೇ ಇರಲಿ, ಲೆಕ್ಕಕ್ಕೆ ಹಿಡಿಯುವ ಮಿತಿ 8,000 ರೂಪಾಯಿ ಇತ್ತು. 2020ರಲ್ಲಿ 15,000 ಆಯಿತು. 30 ವರ್ಷದವರಿಗೆ ಗುಣಕ 207.98, ಅಂದರೆ ಹೆಚ್ಚೆಂದರೆ 15.6 ಲಕ್ಷ ರೂಪಾಯಿಯ ಹತ್ತಿರ.

ಅವಘಡವಾದ ಕೂಡಲೇ ಎಲ್ಲರೂ ಕೇಳುವ ಮೊದಲ ಪ್ರಶ್ನೆ, “ಎಲ್‌ಸಿ ತಗೊಂಡಿದ್ರಾ?” ಎಲ್‌ಸಿ ಅಂದರೆ ಲೈನ್ ಕ್ಲಿಯರ್. ಸಬ್‌ಸ್ಟೇಷನ್‌ನಲ್ಲಿ ಕರೆಂಟ್ ತೆಗೆಸಿ, ಲೈನಿನಲ್ಲಿ ಕೆಲಸ ಮಾಡಲು ಪಡೆಯುವ ಅನುಮತಿ. ಎಲ್‌ಸಿ ಇದ್ದರೂ ಯಾವುದೋ ಮನೆಯ ಜನರೇಟರಿನಿಂದ ಕರೆಂಟ್ ಹಿಂದಕ್ಕೆ ಹರಿದು ಬರಬಹುದು. ಎಲ್‌ಸಿ ಇಲ್ಲದೆ ಹತ್ತಿದ್ದರೆ ತಪ್ಪು ಸತ್ತವರದ್ದೇ ಎಂಬ ಮಾತು ಬರುತ್ತದೆ. ಆದರೆ ಕಾನೂನಿನಲ್ಲಿ ಹಾಗಿಲ್ಲ. ಸುರಕ್ಷತಾ ನಿಯಮ ಮೀರಿದ್ದಾರೆ ಎಂಬ ನೆಪ ಗಾಯಕ್ಕೆ ನಡೆಯಬಹುದು, ಸಾವಿಗೆ ನಡೆಯುವುದಿಲ್ಲ. ಗುತ್ತಿಗೆದಾರ ಕೈಚೆಲ್ಲಿದರೆ ಮೂಲ ಸಂಸ್ಥೆಯೇ ಕೊಟ್ಟು, ಆಮೇಲೆ ಅವನಿಂದ ವಸೂಲಿ ಮಾಡಿಕೊಳ್ಳಬಹುದು. ಇದನ್ನು ಸಾವಿನ ಮನೆಗೆ ಹೋಗಿ ಹೇಳುವವರು ಯಾರೂ ಕಾಣುವುದಿಲ್ಲ.

ಹಾಗಂತ ಸರ್ಕಾರಕ್ಕೆ ಸಲೀಸಾಗಿ ಕೊಡಲು ಬರುವುದಿಲ್ಲ ಅಂತಲ್ಲ. ಚುನಾವಣೆ ಕೆಲಸಕ್ಕೆ ಹೋದ ಮೇಷ್ಟ್ರು ತೀರಿಕೊಂಡರೆ ಕನಿಷ್ಠ 15 ಲಕ್ಷ. ಮನೆ ಬಿಟ್ಟ ಗಳಿಗೆಯಿಂದ ವಾಪಸ್ ಮನೆ ಮುಟ್ಟುವವರೆಗೂ ಅವರು ಡ್ಯೂಟಿಯಲ್ಲೇ. 2020ರ ಮಾರ್ಚ್‌ನಲ್ಲಿ ಕೇಂದ್ರ ಕೋವಿಡ್ ಕೆಲಸದವರಿಗೆ 50 ಲಕ್ಷದ ವಿಮೆ ತಂದಾಗ ಆಶಾ ಕಾರ್ಯಕರ್ತೆಯರೂ ಅದರಲ್ಲಿದ್ದರು. ಉಳಿದ ದಿನಗಳಲ್ಲಿ ಅವರು ಸ್ವಯಂಸೇವಕಿಯರು, ಕೈಗೆ ಸಿಗುವುದು ಗೌರವಧನ.

ಹಾಗಾದರೆ ರಾತ್ರಿ ಎರಡಕ್ಕೆ ಫೋನ್ ಬಂದು ಬೈಕ್ ಹತ್ತಿದ ಗ್ಯಾಂಗ್‌ಮ್ಯಾನ್ ಕಂಬ ಮುಟ್ಟುವ ಮೊದಲೇ ದಾರಿಯಲ್ಲಿ ಬಿದ್ದು ಸತ್ತರೆ? ಇಂಥದ್ದೇ ಪ್ರಶ್ನೆಗೆ ಸುಪ್ರೀಂ ಕೋರ್ಟ್ 2025ರ ಜುಲೈನಲ್ಲಿ ಉತ್ತರ ಕೊಟ್ಟಿತು. ಕೆಲಸಕ್ಕೂ ಆ ಪ್ರಯಾಣಕ್ಕೂ ನಂಟಿದ್ದರೆ ದಾರಿಯೂ ಡ್ಯೂಟಿಯೇ. ಮಹಾರಾಷ್ಟ್ರದ ಸಕ್ಕರೆ ಕಾರ್ಖಾನೆಯೊಂದರ ಕಾವಲುಗಾರನ ಕೇಸ್ ಅದು. ಆತ ಸತ್ತದ್ದು 2003ರಲ್ಲಿ, ಕಾರ್ಖಾನೆಗೆ ಇನ್ನೂ ಐದು ಕಿಲೋಮೀಟರ್ ಇದ್ದಾಗ.